ಕಡ ತಂದ ಡಿಎಲ್‌ಎಲ್

ಕಡ ಕೊಡುವ ವಸ್ತುಗಳಲ್ಲಿ ಎರಡೇ ಜಾತಿ ಎಂದು ನಾನು ಇಷ್ಟು ವರ್ಷ ನಂಬಿಕೊಂಡು ಬಂದಿದ್ದೆ. ಕೊಟ್ಟರೆ ತಿರುಗಿ ಬರುವವು ಒಂದು ಜಾತಿ, ಬಾರದವು ಇನ್ನೊಂದು. ಏಣಿ, ಹಾರೆ, ಇಡ್ಲಿ ಪಾತ್ರೆ, ಶ್ಯಾವಿಗೆ ಮಣೆ ಇವೆಲ್ಲ ಸ್ವಲ್ಪ ಸೊಟ್ಟಗಾಗಿಯಾದರೂ ತಿರುಗಿ ಬರುತ್ತವೆ. ಛತ್ರಿ, ಸೂಜಿ, ಚಹಾಪುಡಿ ಬರುವುದಿಲ್ಲ. ಅವು ಹೋದವು ಎಂದು ತಿಳಿದೇ ಕೊಡಬೇಕು. ಇವೆರಡನ್ನೂ ಬಿಟ್ಟು ಮೂರನೆಯ ಜಾತಿಯೊಂದಿದೆ ಎಂದು ಈಚೆಗೆ ಗೊತ್ತಾಯಿತು. ಅವತ್ತು ಆದ ಗಾಬರಿ ಇನ್ನೂ ನನ್ನ ಎದೆಯಿಂದ ಪೂರ್ತಿ ಇಳಿದಿಲ್ಲ. ಗಾಬರಿಯಾಗುವುದು ನನಗೆ ಹೊಸದೇನಲ್ಲ ಬಿಡಿ. ಕುಕ್ಕರು ಸೀಟಿ ಹೊಡೆದರೂ ಗಾಬರಿ, ಹೊಡೆಯದಿದ್ದರೂ ಗಾಬರಿ. ನಮ್ಮವರು ಬಸ್ ಕಂಡಕ್ಟರು. ಕುಷ್ಟಗಿಯಿಂದ ಗಂಗಾವತಿಗೆ ಹೋಗಿ ಬರುವ ಬಸ್ಸಿನಲ್ಲಿ ದಿನವೂ ನೂರು ಥರದ ಗಲಾಟೆ ಕಂಡು ಬಂದವರು. "ನೀ ಗಾಬರಿ ಆಗಾಕತ್ತೀ ಅಂದ್ರ ಎಲ್ಲಾ ಸರಿ ಐತಿ ಅಂತ ಲೆಕ್ಕ" ಎಂದು ಟವೆಲು ಹೆಗಲಿಗೆ ಹಾಕಿಕೊಂಡು ಬಚ್ಚಲಿಗೆ ಹೋಗಿಬಿಡುತ್ತಾರೆ. ಅದಕ್ಕೇ ನಿಮ್ಮ ಮುಂದೆ ಹೇಳಿಕೊಳ್ಳುತ್ತಿದ್ದೇನೆ.

ಕಡದ ವಿಷಯದಲ್ಲಿ ನಮ್ಮ ಮನೆಗೆ ದೊಡ್ಡ ಪಂಡಿತರೆಂದರೆ ನಮ್ಮತ್ತೆ. ಶಾಸ್ತ್ರವೆಲ್ಲ ಅವರ ನಾಲಿಗೆಯ ತುದಿಯಲ್ಲಿದೆ. ಮಂಗಳವಾರ, ಶುಕ್ರವಾರ ದೀಪ ಹಚ್ಚಿದ ಮೇಲೆ ಮನೆಯಿಂದ ಏನೂ ಆಚೆ ಹೋಗಬಾರದು. ಉಪ್ಪನ್ನು ಕೈಯಿಂದ ಕೈಗೆ ಕೊಡಬಾರದು. ಮುಖ್ಯವಾಗಿ, ಬೇರೆಯವರ ಮನೆಯ ಪಾತ್ರೆಯನ್ನು ಬರಿದಾಗಿ ಹಿಂತಿರುಗಿಸಬಾರದು. ಹೆಪ್ಪು ತಂದ ಬಟ್ಟಲಾದರೂ ಸರಿ, ತೊಳೆದು ಅದರಲ್ಲಿ ನಾಲ್ಕು ಕರಿಬೇವಿನ ಎಲೆಯನ್ನಾದರೂ ಹಾಕಿ ಕೊಡಬೇಕು. ಬಸ್ಸಿನಲ್ಲಿ ಯಾರೋ ನೀರು ಕುಡಿಯಲು ಕೊಟ್ಟ ಬಾಟಲಿಗೆ ಒಂದು ಬಾಳೆಹಣ್ಣು ತುರುಕಲು ನೋಡಿ, ಅದು ಹಿಡಿಯದೆ, ಅವರ ಕೈಗೇ ಹಣ್ಣು ಕೊಟ್ಟು ಬಂದವರು ನಮ್ಮತ್ತೆ. ಈ ಶಾಸ್ತ್ರವನ್ನು ಕಂಪ್ಯೂಟರಿಗೂ ಹಚ್ಚಿದರೆ ಏನಾಗುತ್ತದೆ ಎನ್ನುವುದೇ ನನ್ನ ಕಥೆ.

ನಮ್ಮ ಪಡಸಾಲೆಯಲ್ಲಿ ಒಂದು ಕಂಪ್ಯೂಟರ್ ಎಂಬ್ರಾಯಿಡರಿ ಮಿಷನ್ನಿದೆ. ರವಿಕೆಯ ತೋಳಿಗೆ, ಬೆನ್ನಿಗೆ ನವಿಲು, ಮಾವಿನಕಾಯಿ, ಬಳ್ಳಿ ಹೊಲಿಯುವ ಮಿಷನ್ನು. ಮೊದಲು ಕಂಪ್ಯೂಟರಿನಲ್ಲಿ ಚಿತ್ರ ಬರೆಯಬೇಕು, ಆಮೇಲೆ ಅದನ್ನು ಪೆನ್‌ಡ್ರೈವಿನಲ್ಲಿ ತೆಗೆದುಕೊಂಡು ಹೋಗಿ ಮಿಷನ್ನಿಗೆ ಉಣಿಸಬೇಕು. ಗೋಡೆಯಾಚೆಯ ಮನೆ ಮಹಾದೇವಿಯದು. ಅವಳೂ ಅಂಥದೇ ಮಿಷನ್ನು ತಂದಳು. ಅದಕ್ಕೂ ಮುಂಚೆ ನಾವಿಬ್ಬರೂ ಒಬ್ಬರ ಮನೆಯ ಹೊಸ್ತಿಲು ಇನ್ನೊಬ್ಬರು ಸವೆಸಿದವರು. ಹೆಪ್ಪಿಗೆ ಅವಳು ಬರುತ್ತಿದ್ದಳು, ಕೊತ್ತಂಬರಿಗೆ ನಾನು ಹೋಗುತ್ತಿದ್ದೆ, ಇಬ್ಬರೂ ಕೇಳಿದ್ದನ್ನು ಮರೆತು ಹರಟಿ ಬರಿಗೈಯಲ್ಲಿ ವಾಪಸ್ ಬರುತ್ತಿದ್ದೆವು. ಮಿಷನ್ನು ಬಂದ ಮೇಲೆ ಅದು ನಿಂತೇ ಹೋಯಿತು. ಜಗಳವಿಲ್ಲ, ಮುನಿಸಿಲ್ಲ. ಆದರೆ ನಮ್ಮ ಕಸುಬಿನಲ್ಲಿ ಒಬ್ಬರ ಡಿಸೈನನ್ನು ಇನ್ನೊಬ್ಬರು ಕಾಪಿ ಮಾಡುವುದಕ್ಕಿಂತ ದೊಡ್ಡ ಪಾಪವಿಲ್ಲ. ಅವಳ ಮನೆಗೆ ಹೋದರೆ ಮಿಷನ್ನಿನ ಮೇಲಿರುವ ಬಟ್ಟೆಯ ಕಡೆಗೆ ಕಣ್ಣು ಹೋಗದೆ ಇರುತ್ತದೆಯೇ? ಹೋದರೆ ಅವಳೇನು ತಿಳಿದಾಳು? ಹೀಗೆ ನಾನು ಸಂಕೋಚಪಟ್ಟು ಹೋಗಲಿಲ್ಲ, ಅವಳೂ ಸಂಕೋಚಪಟ್ಟು ಬರಲಿಲ್ಲ. ಗೋಡೆಯ ಈಚೆ ನನ್ನ ಮಿಷನ್ನು ಟಕಟಕ, ಆಚೆ ಅವಳ ಮಿಷನ್ನು ಟಕಟಕ. ಮಾತನಾಡುತ್ತಿದ್ದವು ಮಿಷನ್ನುಗಳು ಮಾತ್ರ.

ಹೀಗಿರುವಾಗ ಮಂಗಳೂರಿನಿಂದ ಒಂದು ಮದುವೆಯ ಆರ್ಡರು ಬಂತು. ಮಂಗಳೂರು ಎಂದರೆ ಕಡಲಿರುವುದಲ್ಲ, ಯಲಬುರ್ಗಾ ಕಡೆಯ ನಮ್ಮ ಮಂಗಳೂರು. ಮೀನು ಇಲ್ಲ, ಮೆಣಸಿನಕಾಯಿ ಉಂಟು. ಮದುಮಗಳ ತಾಯಿ ಶರಣಮ್ಮ ಒಂದು ಗಂಟು ಬಟ್ಟೆ ತಂದು ಇಳಿಸಿದಳು. ಮದುಮಗಳದು, ಅವಳ ತಂಗಿಯರದು, ಅತ್ತಿಗೆಯರದು, ಸೋದರತ್ತೆಯರದು. ಮಗಳ ಆಸೆ ಏನೆಂದರೆ ಬೆನ್ನಿನ ಮೇಲೆ ಕಿನ್ನಾಳದ ಗೊಂಬೆಯಂಥ ಎರಡು ಗಿಳಿ ಎದುರುಬದರು ಕೂತಿರಬೇಕು, ಹಸಿರು ಮೈ, ಕೆಂಪು ಕೊಕ್ಕು, ಕುತ್ತಿಗೆಗೆ ಜರಿಯ ಸುತ್ತು. "ಅಕ್ಕಾರ, ನನ್ನ ಮಗಳು ಹಟಮಾರಿ ಅದಾಳ. ಗಿಳಿ ಇಲ್ಲಂದ್ರ ಜಂಪರ್ ಹಾಕ್ಕೊಳೂದಿಲ್ಲ ಅಂತಾಳ. ನಮ್ಮ ಮರ್ಯಾದಿ ನಿಮ್ಮ ಕೈಯಾಗೈತಿ" ಎಂದು ಶರಣಮ್ಮ ನನ್ನ ಎರಡೂ ಕೈ ಹಿಡಿದುಕೊಂಡಳು. ಅವಳ ಮರ್ಯಾದೆಯ ಜೊತೆಗೆ ನನ್ನದೂ ಅದೇ ಗಂಟಿನಲ್ಲಿತ್ತು. ಮದುವೆ ಮನೆಯಲ್ಲಿ ಒಂದು ರವಿಕೆ ಚೆನ್ನಾಗಿ ಬಂದರೆ ಅಲ್ಲಿಂದಲೇ ಹತ್ತು ಮನೆಗೆ ಹೆಸರು ಹೋಗುತ್ತದೆ. ಕೆಟ್ಟರೆ ಇನ್ನೂ ಬೇಗ ಹೋಗುತ್ತದೆ.

ಗಿಳಿಯ ಗರಿ ಚೆಂದ ಬರಲೆಂದು, ಡಿಸೈನ್ ಮಾಡುವ ಪ್ರೋಗ್ರಾಮಿನ ಹೊಸ ಆವೃತ್ತಿ ಹಾಕಲು ಕೂತೆ. ಇರಲಾರದೆ ಇರುವೆ ಬಿಟ್ಟುಕೊಳ್ಳುವುದು ಎಂದರೆ ಇದೇ. ಕಂಪ್ಯೂಟರು ಜಾಗ ಸಾಲದು ಎಂದಿತು. ಏನನ್ನು ತೆಗೆಯಲಿ ಎಂದು ನೋಡಿದರೆ, ನಮ್ಮವರು ಯಾವುದೋ ಕಾಲದಲ್ಲಿ ಕನ್ನಡ ಟೈಪಿಂಗ್ ಕಲಿಯುತ್ತೇನೆಂದು ಹಾಕಿಸಿಕೊಂಡ ಪ್ರೋಗ್ರಾಮು ಕಾಣಿಸಿತು. ಅವರು ಅದರಲ್ಲಿ 'ಅ' ಕಲಿತು 'ಆ' ಬರುವಷ್ಟರಲ್ಲಿ ಬಿಟ್ಟಿದ್ದರು. ತೆಗೆದುಹಾಕು ಎಂದೆ. ಅದು ಹೋಗುತ್ತ ಹೋಗುತ್ತ ಇಂಗ್ಲಿಷಿನಲ್ಲಿ ಒಂದು ಪ್ರಶ್ನೆ ಕೇಳಿತು. ಈ ಫೈಲನ್ನು ಬೇರೆ ಪ್ರೋಗ್ರಾಮುಗಳೂ ಹಂಚಿಕೊಂಡು ಬಳಸುತ್ತಿರಬಹುದು, ಆದರೂ ತೆಗೆಯಲೇ ಎಂಬ ಅರ್ಥದ್ದು. ಹೋಗುವವರು ಬಾಗಿಲಲ್ಲಿ ನಿಂತು ಏನೋ ಕೇಳಿದರೆ ಇಲ್ಲ ಎನ್ನುವ ಅಭ್ಯಾಸ ನಮ್ಮ ಕಡೆ ಇಲ್ಲ. 'ಎಲ್ಲದಕ್ಕೂ ಹೌದು' ಎಂಬುದನ್ನು ಒತ್ತಿದೆ. ಆಮೇಲೆ ಹೊಸ ಪ್ರೋಗ್ರಾಮು ಸಲೀಸಾಗಿ ಕೂತಿತು. ಹಸಿರು ಪಟ್ಟಿ ಕೊನೆಯವರೆಗೂ ಓಡಿತು. ತನ್ನ ಹಳೆಯ ಆವೃತ್ತಿಯನ್ನು ಅದೇ ಕಿತ್ತು ಬಿಸಾಡಿತು. ತೆರೆಯಲು ಹೋದರೆ ಒಂದು ಬಿಳಿ ಚೌಕ ಬಂದು, ಹಿಂದುಮುಂದಿಲ್ಲದ ನಾಲ್ಕು ಅಕ್ಷರ, ಮೂರು ಅಂಕಿ, ಕೊನೆಗೊಂದು ಡಿಎಲ್‌ಎಲ್ ಎಂದಿರುವ ಫೈಲು ನಿಮ್ಮ ಕಂಪ್ಯೂಟರಿನಲ್ಲಿ ಇಲ್ಲ, ಆದ್ದರಿಂದ ನಾನು ಏಳುವುದಿಲ್ಲ ಎಂದು ಹೇಳಿತು. ಹಳೆಯದೂ ಇಲ್ಲ, ಹೊಸದೂ ಇಲ್ಲ! ಟೈಪಿಂಗ್ ಕಲಿಸುವುದನ್ನು ತೆಗೆದರೆ ಗಿಳಿಗೇಕೆ ಉಸಿರು ನಿಲ್ಲಬೇಕು? ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂದು ಕೇಳಿದ್ದೆ, ಕಂಪ್ಯೂಟರಿನೊಳಗೂ ಅದೇ ಮದ್ದು ಇದೆಯೆಂದು ಗೊತ್ತಿರಲಿಲ್ಲ.

ಮಿಷನ್ನು ಮಾರಿದ ಗಂಗಾವತಿಯ ರಾಜಾಬಕ್ಷಿಗೆ ಫೋನು ಹಚ್ಚಿದೆ. ಅವನು ಯಾವಾಗಲೂ ಯಾರದೋ ಮಿಷನ್ನಿನ ಕೆಳಗೆ ಮಲಗಿಕೊಂಡೇ ಮಾತನಾಡುವವನು. "ಅದು ಲೈಬ್ರರಿ ಫೈಲ್ ರೀ ಅಕ್ಕಾರ. ಒಂದ ಫೈಲ್ನ್ಯಾಗ ನಾಕ ಪ್ರೋಗ್ರಾಮ್ ಜೀವಾ ಇರ್ತಾವ. ನೀವು ಹೌದು ಅಂತ ಒತ್ತಿ ಕಳದೀರಿ" ಎಂದ. ನೀ ಯಾವಾಗ ಬರ್ತೀಯಪ್ಪಾ ಎಂದರೆ, "ನಾಳಿ ಬರ್ತೀನ್ರಿ" ಎಂದ. ರಾಜಾಬಕ್ಷಿಯ ನಾಳೆ ಪಂಚಾಂಗದಲ್ಲಿ ಇರುವುದಿಲ್ಲ ಎಂದು ಗೊತ್ತಿದ್ದರಿಂದ ನಾನು ಅಳುವ ದನಿ ತೆಗೆದೆ. ಆಗ ಅವನು, "ಬಾಜೂಕ ಮಹಾದೇವಿ ಅಕ್ಕಾರ್ದು ಅದ ಪ್ರೋಗ್ರಾಮ್ ಐತಲ್ರಿ, ಅಲ್ಲಿಂದ ತಗೊಂಡ್ ಬಂದು ನಿಮ್ದರಾಗ ಹಾಕ್ರಿ, ನಡೀತೈತಿ" ಎಂದವನೇ ಮತ್ತೆ ಮಿಷನ್ನಿನ ಕೆಳಗೆ ಹೋದ.

ಎಷ್ಟೋ ತಿಂಗಳ ಮೇಲೆ ಮಹಾದೇವಿಯ ಬಾಗಿಲು ತಟ್ಟಿದೆ. ಅವಳು ನನ್ನನ್ನು ಕಂಡು, "ಏನಾತ್ರಿ ಅಕ್ಕಾರ? ಅಮ್ಮಾರು ಆರಾಮ ಅದಾರಿಲ್ರಿ?" ಎಂದು ಗಾಬರಿಯಾದಳು. ಅಷ್ಟು ದಿನದ ಮೇಲೆ ಬಂದವರು ಸಾವಿನ ಸುದ್ದಿಯನ್ನೇ ತಂದಿರಬೇಕೆಂದು ಅವಳ ಎಣಿಕೆ. "ನಿನ್ನ ಕಡೆ ಒಂದು ಫೈಲ್ ಐತಂತ ಮಾದೇವಿ. ಒಂದೀಟು ಕಡಾ ಕೊಡ್ತೀಯೇನು?" ಎಂದೆ. "ಅಯ್ಯ, ಅದಕ್ಕ್ಯಾಕ ಕೇಳ್ತೀರಿ, ಬರ್ರಿ" ಎಂದು ತನ್ನ ಕಂಪ್ಯೂಟರಿನ ಮುಂದೆ ಕೂರಿಸಿ, ತನ್ನದೇ ಒಂದು ಪೆನ್‌ಡ್ರೈವು ಕೊಟ್ಟು ಹಿಂದೆಯೇ ನಿಂತಳು. ಫೈಲು ಸಿಕ್ಕಿತು. ಬಲಗಡೆ ಒತ್ತಿದರೆ ಎರಡು ದಾರಿ ಕಾಣಿಸಿತು, ಕಟ್ ಮತ್ತು ಕಾಪಿ. ನನ್ನ ಬೆರಳು ಗಾಳಿಯಲ್ಲೇ ನಿಂತಿತು. ಅವಳ ನವಿಲು, ಬಳ್ಳಿ, ಎಲ್ಲ ಡಿಸೈನೂ ಇರುವ ಕಂಪ್ಯೂಟರಿನಲ್ಲಿ, ಅವಳ ಕಣ್ಣೆದುರಿಗೇ ಕಾಪಿ ಒತ್ತುವುದೇ! ಮಾನವಂತರು ಮಾಡುವ ಕೆಲಸವೇ ಅದು? ಕಡ ಒಯ್ಯಲು ಬಂದವಳು ನಾನು. ಕಡ ಎಂದ ಮೇಲೆ ವಸ್ತು ಅಲ್ಲಿಂದ ಏಳಬೇಕು, ಇಲ್ಲಿಗೆ ಬರಬೇಕು. ಗಂಭೀರವಾಗಿ ಕಟ್ ಒತ್ತಿದೆ. ಹೊರಡುವಾಗ ಮಹಾದೇವಿ, ಪೆನ್‌ಡ್ರೈವು ಕೈಯಲ್ಲಿ ಕಳೆದೀತೆಂದು ಅದನ್ನು ಒಂದು ಸಣ್ಣ ಸ್ಟೀಲ್ ಡಬ್ಬಿಯಲ್ಲಿ ಹಾಕಿ ಮುಚ್ಚಿ ಕೊಟ್ಟಳು. ಮನೆಗೆ ಬಂದು ಫೈಲನ್ನು ಹಾಕಿದರೆ ಪ್ರೋಗ್ರಾಮು ಮೈಮುರಿದು ಎದ್ದು ಕೂತಿತು. ಅತ್ತೆ ಕಂಪ್ಯೂಟರಿಗೆ ಕುಂಕುಮ ಹಚ್ಚಿದರು.

ಮರುದಿನ ಬೆಳಿಗ್ಗೆ ಮಹಾದೇವಿ ಸೆರಗು ಸೊಂಟಕ್ಕೆ ಸಿಗಿಸಿಕೊಂಡು ಬಂದು ನಿಂತಳು. "ಅಕ್ಕಾರ, ನನ್ನದೂ ನಿಮ್ಮಂಗ ಆತ್ರಿ. ಆ ಫೈಲ್ ಇಲ್ಲ ಅನ್ನಾಕತ್ತೈತಿ." ಇದೇನು ಕಣ್ಣುಬೇನೆಯ ಹಾಗೆ ಗೋಡೆ ದಾಟಿ ಅಂಟುತ್ತದೆಯೇ ಎಂದು ಒಂದು ಗಳಿಗೆ ಹೌಹಾರಿದೆ. ಆಮೇಲೆ ಹೊಳೆಯಿತು. ಅಲ್ಲ, ಫೈಲು ನನ್ನ ಮನೆಯಲ್ಲಿದ್ದರೆ ಅವಳ ಮನೆಯಲ್ಲಿ ಹೇಗೆ ಇದ್ದೀತು? ಏಣಿ ನಮ್ಮ ಹಿತ್ತಿಲಲ್ಲಿದ್ದರೆ ಅವಳು ಮಾಳಿಗೆ ಹತ್ತುವುದು ಯಾವುದರಿಂದ? ನಾವಿಬ್ಬರೂ ಇದನ್ನು ಎಷ್ಟು ಸಹಜವೆಂದು ಒಪ್ಪಿಕೊಂಡೆವೆಂದರೆ, ಒಬ್ಬರಿಗೂ ಒಂದು ಅನುಮಾನ ಬರಲಿಲ್ಲ. "ನನ್ನಿಂದ ನಿನಗ ತ್ರಾಸಾತಲ್ಲ" ಎಂದು ನಾನು, "ಇರಲಿ ತಗೊಳ್ರಿ, ಇಬ್ರೂ ಹೊಂದಿಸ್ಕೊಂಡು ಹೋಗೂಣ" ಎಂದು ಅವಳು. ಕೊನೆಗೆ ಮಧ್ಯಾಹ್ನದ ಊಟದವರೆಗೆ ಫೈಲು ಅವಳದು, ಊಟದ ನಂತರ ದೀಪ ಹಚ್ಚುವವರೆಗೆ ನನ್ನದು ಎಂದು ತೀರ್ಮಾನವಾಯಿತು. ರಾಜಾಬಕ್ಷಿ ಬರುವವರೆಗೆ ಮಾತ್ರ ಎಂದುಕೊಂಡೆವು. ಅವನು ನಾಳೆ ಬರುವವನಿದ್ದ.

ಅಂದಿನಿಂದ ಡಿಎಲ್‌ಎಲ್ಲು ಎರಡು ಮನೆಯ ನಡುವೆ ಓಡಾಡತೊಡಗಿತು. ಮೊದಲ ದಿನ ನಾನು ಡಬ್ಬಿಯಲ್ಲಿ ಬರೀ ಪೆನ್‌ಡ್ರೈವು ಹಾಕಿ ಹೊರಟಿದ್ದನ್ನು ಕಂಡು ಅತ್ತೆ ಬಾಗಿಲಲ್ಲೇ ತಡೆದರು. "ಮಂದಿ ಡಬ್ಬಿ ಬರಿದ ಕೊಡ್ತೀಯೇನ? ಏನರ ಹಾಕು." "ಇದರಾಗ ಫೈಲ್ ಐತಲ್ರಿ ಅತ್ತ್ಯಾರ" ಎಂದೆ. "ಅದು ಅಕೀದ ಐತಿ. ನಮ್ಮದು ಏನೈತಿ?" ಎಂದರು. ಅತ್ತೆಯೇ ಒಳಗೆ ಹೋಗಿ, ಪೆನ್‌ಡ್ರೈವನ್ನು ಒಂದು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ, ಅದರ ಮೇಲೆ ಹೊಸದಾಗಿ ಕುಟ್ಟಿದ ಶೇಂಗಾ ಹಿಂಡಿ, ಅಂದರೆ ಚಟ್ನಿಪುಡಿ, ತುಂಬಿದರು. ಸಂಜೆಗೆ ಡಬ್ಬಿ ಕೇಳಲು ಬಂದ ಮಹಾದೇವಿ ಬಾಯಲ್ಲಿ ನೀರೂರಿಸಿಕೊಂಡು ಹಿಂಡಿಯನ್ನು ಹೊಗಳಿದ್ದೇ ಹೊಗಳಿದ್ದು. ಮರುದಿನ ಅವಳ ಕಡೆಯಿಂದ ಫೈಲಿನ ಮೇಲೆ ಗುರೆಳ್ಳು ಹಿಂಡಿ ಬಂತು. ಅದರ ಮರುದಿನ ನಮ್ಮಿಂದ ಅಗಸಿ ಹಿಂಡಿ. ಆಮೇಲೆ ಗೋಧಿ ಬೆಲ್ಲದ ಮಾದಲಿ ಬಂತು, ಕರಿದ ಮೆಣಸಿನಕಾಯಿ ಹೋಯಿತು. ಡಿಎಲ್‌ಎಲ್ಲು ಯಾವಾಗಲೂ ತಳದಲ್ಲಿ. "ದಿನಾ ಹಂಗ ಆಚಿಗೆ ಈಚಿಗೆ ಎಳದಾಡಿದ್ರ ಸವೀತೈತಿ ನೋಡು ಅದು" ಎಂದು ಅತ್ತೆ ಫೈಲಿನ ಆರೋಗ್ಯದ ಬಗ್ಗೆ ಮರುಗುತ್ತಿದ್ದರು. ಮಹಾದೇವಿ ಫೈಲು ಕೊಡಲು ಬಂದವಳು ಕಟ್ಟೆಯ ಮೇಲೆ ಕೂತು ಚಹಾ ಕುಡಿದು ಹೋಗತೊಡಗಿದಳು. ಅವಳು ಬರುವ ಹೊತ್ತಿಗೆ ಸರಿಯಾಗಿ ನನ್ನ ಕೈ ತಾನಾಗಿಯೇ ಚಹಾಕ್ಕೆ ನೀರಿಡುತ್ತಿತ್ತು. ಅದನ್ನು ನಾನು ಗಮನಿಸಿರಲಿಲ್ಲ.

ಒಂದು ಶುಕ್ರವಾರ ಮಾತ್ರ ಫಜೀತಿಯಾಯಿತು. ಮಹಾದೇವಿಯ ಮನೆಯಲ್ಲಿ ಏನೋ ಅವಸರದ ಕೆಲಸ. ದೀಪ ಹಚ್ಚಿದ ಮೇಲೆ ಫೈಲು ಕೇಳಿಕೊಂಡು ಬಂದಳು. ಅತ್ತೆ ಬಾಗಿಲಿಗೆ ಅಡ್ಡ ಕೂತುಬಿಟ್ಟರು. "ಇವತ್ತು ಶುಕ್ರವಾರ. ಲಕ್ಷ್ಮಿ ಒಳಗ ಬರೂ ಹೊತ್ತಿನ್ಯಾಗ ಹೆಂಗ ಹೊರಗ ಕೊಡೂದು?" ಎಂದರು. ಡಿಎಲ್‌ಎಲ್ಲು ಲಕ್ಷ್ಮಿಯೇ ಎಂದು ವಾದಿಸುವಷ್ಟು ಶಾಸ್ತ್ರ ನನಗೆ ಗೊತ್ತಿಲ್ಲ, ಅಲ್ಲ ಎಂದು ಹೇಳುವಷ್ಟು ಧೈರ್ಯವೂ ಇಲ್ಲ. ಮಹಾದೇವಿ "ಇರಲಿ ಬಿಡ್ರಿ ಅಮ್ಮಾರ, ನಾಳಿ ಒಯ್ತೀನಿ" ಎಂದು ನಕ್ಕು ಒಂದು ತಾಸು ಕೂತು ಮಾತನಾಡಿ ಹೋದಳು. ಅವಸರದ ಕೆಲಸವಿದ್ದವಳು ಇಷ್ಟು ನಿರಾಳವಾಗಿ ಹೇಗೆ ಕೂತಳು ಎಂದು ಆಗಲೇ ನನಗೆ ಅನುಮಾನ ಬರಬೇಕಿತ್ತು. ಬರಲಿಲ್ಲ. ಪಾಪ, ಎಂಥ ತಾಳ್ಮೆ ಇವಳದು ಎಂದು ಕಣ್ಣಲ್ಲಿ ನೀರು ತಂದುಕೊಂಡೆ.

ಶರಣಮ್ಮನ ಗಂಟು ಒಂದೊಂದಾಗಿ ಕರಗುತ್ತ ಬಂತು. ಮದುಮಗಳ ರವಿಕೆಯನ್ನು ಕೊನೆಗಿಟ್ಟುಕೊಂಡಿದ್ದೆ, ಕೈ ಚೆನ್ನಾಗಿ ಪಳಗಿರಲಿ ಎಂದು. ಒಂದು ಮಧ್ಯಾಹ್ನ ಬಲಗಡೆಯ ಗಿಳಿ ಕೂತಿತು. ಏನು ಗಿಳಿ ಅಂತೀರಿ! ಈಗ ಕೂಗುತ್ತದೆ, ಆಗ ಕೂಗುತ್ತದೆ ಎನ್ನುವ ಹಾಗಿತ್ತು. ಎಡಗಡೆಯದರ ಚಿತ್ರ ಬರೆಯುವುದನ್ನು ಮರುದಿನಕ್ಕೆ ಬಿಟ್ಟು, ವಾಡಿಕೆಯಂತೆ ಫೈಲನ್ನು ಕಟ್ ಮಾಡಿ ಕಳಿಸಿಕೊಟ್ಟೆ. ಮರುದಿನ ಮಧ್ಯಾಹ್ನ ಮಹಾದೇವಿಯ ಮನೆಯಿಂದ ಡಬ್ಬಿ ಬಂತು. ಮುಚ್ಚಳ ತೆಗೆದರೆ ಘಮ್ಮೆಂದು ಮಾವಿನಕಾಯಿಯ ಉಪ್ಪಿನಕಾಯಿ. ಎಣ್ಣೆ ಅಂಚಿನವರೆಗೆ ನಿಂತಿತ್ತು. ಕೈಹಾಕಿ ತಳದಿಂದ ಪ್ಲಾಸ್ಟಿಕ್ ಚೀಲ ಎತ್ತಿದೆ. ಅದು ಎಲ್ಲೋ ಹರಿದಿತ್ತು. ಪೆನ್‌ಡ್ರೈವಿನ ಬಾಯಿಯಿಂದ ಕೆಂಪು ಎಣ್ಣೆ ತೊಟ್ಟಿಕ್ಕುತ್ತಿತ್ತು. ಒರೆಸಿದೆ, ಊದಿದೆ, ಹಾಕಿದೆ. ಕಂಪ್ಯೂಟರಿಗೆ ಅದು ಬಂದದ್ದೇ ತಿಳಿಯಲಿಲ್ಲ. ಮತ್ತೆ ಹಾಕಿದೆ. ಉಹೂಂ. ಅದೇ ಹೊತ್ತಿಗೆ ಶರಣಮ್ಮನ ಫೋನು. "ನಾಳಿ ಮುಂಜಾನಿ ಬರ್ತೀವ್ರಿ ಅಕ್ಕಾರ, ಗಿಳಿ ರೆಡಿ ಆಗ್ಯಾವಿಲ್ರಿ?" ಒಂದು ಆಗಿದೆ ಎಂದು ಹೇಗೆ ಹೇಳಲಿ? "ಆಗ್ಯಾವಬೇ" ಎಂದುಬಿಟ್ಟೆ. ಅತ್ತೆ ರವಿಕೆಯನ್ನು ಎತ್ತಿ ಹಿಡಿದು ನೋಡಿ, "ಒಂಟಿ ಗಿಳಿ ಮದುವಣಗಿತ್ತಿ ಬೆನ್ನಿಗೆ ಚೊಲೋದಲ್ಲ ನೋಡವಾ" ಎಂದರು. ಈ ಕಡೆಯ ಮಂದಿ ಮರೆಯುವ ಪೈಕಿಯಲ್ಲ. ಆ ಹುಡುಗಿಯ ಸಂಸಾರದಲ್ಲಿ ಎಂದಾದರೂ ಒಂದು ಪಾತ್ರೆ ಸಪ್ಪಳವಾದರೂ ಅದಕ್ಕೆ ಕುಷ್ಟಗಿಯ ಸುಶೀಲಕ್ಕನ, ಅಂದರೆ ನನ್ನ, ಒಂಟಿ ಗಿಳಿಯೇ ಕಾರಣವಾಗುತ್ತಿತ್ತು.

ಫೋನು ನೀರಿಗೆ ಬಿದ್ದರೆ ಅಕ್ಕಿಯಲ್ಲಿ ಹುಗಿದಿಡುತ್ತಾರೆಂದು ಅತ್ತೆ ಕೇಳಿದ್ದರಂತೆ. ಪೆನ್‌ಡ್ರೈವನ್ನು ಗಂಗಾವತಿಯ ಸೋನಾ ಮಸೂರಿಯ ಡಬ್ಬದಲ್ಲಿ ಹುಗಿದು, ಅದರ ಮುಂದೆಯೇ ಕೂತರು. ನಾನು ಎದೆ ಬಡಿದುಕೊಂಡು ಮಹಾದೇವಿಯ ಮನೆಗೆ ಓಡಿದೆ. ನನ್ನ ಗಿಳಿಯಷ್ಟೇ ಅಲ್ಲ, ಅವಳ ಅನ್ನವೂ ಹೋಯಿತಲ್ಲ! ಇದ್ದದ್ದು ಒಂದೇ ಫೈಲು, ಅದೂ ಉಪ್ಪಿನಕಾಯಿಯ ಪಾಲಾಯಿತು. ಇಬ್ಬರ ಮಿಷನ್ನೂ ಇನ್ನು ಬಟ್ಟೆ ಒಣಹಾಕಲು ಎಂದು ಅಳುತ್ತಲೇ ಅವಳ ಅಂಗಳ ದಾಟಿದೆ. ಬಾಗಿಲ ಬಳಿ ಹೋದವಳು ಹಾಗೇ ನಿಂತೆ. ಒಳಗೆ ಕಂಪ್ಯೂಟರು ತೆರೆದಿತ್ತು. ಅದರ ತುಂಬ ಅದೇ ಪ್ರೋಗ್ರಾಮು. ಮಹಾದೇವಿ ಹಾಡು ಗುನುಗುತ್ತ ಒಂದು ಬಳ್ಳಿಗೆ ಎಲೆ ಜೋಡಿಸುತ್ತಿದ್ದಳು. ಫೈಲು ನನ್ನ ಮನೆಯ ಅಕ್ಕಿಯಲ್ಲಿ ಹೂತಿದೆ. ಇಲ್ಲಿ ಪ್ರೋಗ್ರಾಮು ನಡೆಯುತ್ತಿದೆ. ಸತ್ತವರು ಎದ್ದು ಬಂದು ರೊಟ್ಟಿ ಬಡಿಯುತ್ತಿದ್ದರೂ ನಾನು ಅಷ್ಟು ಬೆಚ್ಚಿಬೀಳುತ್ತಿರಲಿಲ್ಲ.

"ಮಾದೇವಿ, ಇದು ಹೆಂಗ ನಡ್ಯಾಕತ್ತೈತಿ?" ಎಂದೆ. ಅವಳು ಹಾವು ತುಳಿದವಳ ಹಾಗೆ ಎದ್ದು ನಿಂತಳು. ಮುಖ ಕೆಂಪಾಯಿತು. "ಅಕ್ಕಾರ, ಬೈಬ್ಯಾಡ್ರಿ" ಎಂದಳು. ಆಮೇಲೆ ನೆಲ ನೋಡುತ್ತ ಹೇಳಿದಳು. ನಾವು ಫೈಲು ಓಡಾಡಿಸಲು ಶುರುಮಾಡಿದ ಸ್ವಲ್ಪ ದಿನಕ್ಕೇ ಅವಳು ಸೂಜಿಯ ಸಲುವಾಗಿ ರಾಜಾಬಕ್ಷಿಗೆ ಫೋನು ಮಾಡಿದ್ದಳಂತೆ. ಮಾತಿಗೆ ಮಾತು ಬಂದು, ಕಾಪಿ ಒತ್ತಿದರೆ ಫೈಲು ಇಲ್ಲೂ ಇರುತ್ತದೆ, ಅಲ್ಲೂ ಇರುತ್ತದೆ ಎಂದು ಅವನು ನಕ್ಕಿದ್ದನಂತೆ. ಅವತ್ತೇ ಇವಳು ಒಂದನ್ನು ಇಲ್ಲಿಟ್ಟುಕೊಂಡಿದ್ದಳು. ಇಲ್ಲೂ ಇರುತ್ತದೆ, ಅಲ್ಲೂ ಇರುತ್ತದೆ! ಕೊಟ್ಟರೂ ಹೋಗದ ವಸ್ತು! ನನ್ನ ತಲೆ ಗಿರ್ ಎಂದಿತು. ಅದರ ಹಿಂದೆಯೇ ಸಿಟ್ಟು ನೆತ್ತಿಗೇರಿತು. "ಅಲ್ಲ, ಅಷ್ಟು ದಿನ ಮುಂಜಾನಿ ಹೊತ್ತು ನಾ ಕೈ ಕಟಿಗೊಂಡು ಕುಂತೀನಿ. ನಿನ್ನ ಕೆಲಸ ಕೆಡಸಾಕತ್ತೀನಂತ ದೇವ್ರ ಮುಂದ ಗಲ್ಲಾ ಗಲ್ಲಾ ಬಡಕೊಂಡೀನಿ. ನಿನಗ ಹೇಳಾಕ ಬಾಯಿ ಇದ್ದಿದ್ದಿಲ್ಲೇನು? ದಿನಾ ಡಬ್ಬಿ ಹಿಡಕೊಂಡು ಯಾಕ ಬಂದಿ ಮತ್ತ?" ಎಂದು ಓಣಿಗೆ ಕೇಳುವ ಹಾಗೆ ಕೂಗಿದೆ.

"ಮೊದಲು ಹಿಂಡಿ ಸಲುವಾಗಿ ಬಂದ್ನಿರಿ" ಎಂದಳು. ಆಮೇಲೆ, "ಮತ್ತ ಯಾವ ನೆವ ಹೇಳಿ ಬರ್ಲಿರಿ ಅಕ್ಕಾರ? ಈ ಮಿಷನ್ ಬಂದಾಗಿಂದ ನೀವು ನಮ್ಮ ಮನಿಗೆ ಬಂದಿಲ್ಲ. ನಾ ಬಂದ್ರ ಡಿಸೈನ್ ನೋಡಾಕ ಬಂದ್ಲು ಅಂತೀರೇನೋ ಅಂತ ಅಂಜಿಕಿ. ಫೈಲ್ ಐತಿ ಅಂದ್ರ ಧೈರ್ಯದಿಂದ ಬರಾಕ ಬರ್ತೈತಿ" ಎಂದಳು. ನನಗೆ ಬಯ್ಯಲು ಇನ್ನೂ ಬಹಳ ಇತ್ತು. ಅದನ್ನು ಬಿಟ್ಟು, ಉಪ್ಪಿನಕಾಯಿಯಲ್ಲಿ ಮುಳುಗಿದ ಪೆನ್‌ಡ್ರೈವು, ಒಂಟಿಯಾಗಿ ಉಳಿದ ಗಿಳಿ, ಎಲ್ಲ ಹೇಳಿಕೊಂಡೆ. ಅವಳು ಮಿಷನ್ನಿಗೆ ಚುಚ್ಚಿದ್ದ ಬೇರೊಂದು ಪೆನ್‌ಡ್ರೈವು ಕಿತ್ತು, ಅದರಲ್ಲಿ ಫೈಲು ಹಾಕಿ ನನ್ನ ಅಂಗೈಯಲ್ಲಿಟ್ಟಳು. "ಇದ ಒಂದ ಉಳದೈತ್ರಿ. ಇದರಾಗ ನನ್ನ ಎಲ್ಲಾ ಡಿಸೈನೂ ಅದಾವ. ಇರಲಿ, ಒಯ್ರಿ. ಗಿಳಿ ಮುಗಸ್ರಿ ಮೊದಲು." ಒಂದು ಡಿಸೈನು ಕಣ್ಣಿಗೆ ಬಿದ್ದೀತೆಂದು ನಾವು ಇಷ್ಟು ದಿನ ಮುಖ ತಿರುಗಿಸಿಕೊಂಡು ಓಡಾಡಿದ್ದು ಯಾವುದಕ್ಕಾಗಿಯೋ, ಅದನ್ನೆಲ್ಲ ಅವಳು ಒಂದು ಬೆರಳುದ್ದದ ಸಾಮಾನಿನಲ್ಲಿ ನನ್ನ ಕೈಗೆ ಕೊಟ್ಟಿದ್ದಳು. ನನಗೆ ಅಳು ಬಂತು. ಬಂತು ಎಂದು ಹೇಳಲು ನಾಚಿಕೆಯೇನಿಲ್ಲ.

ಮನೆಗೆ ಬಂದು ಪೆನ್‌ಡ್ರೈವು ತೆರೆದಾಗ ನವಿಲು, ಕಮಲ, ಆನೆಗಳೆಲ್ಲ 'ಬಾ ಅಕ್ಕ' ಎಂದು ಸಾಲಾಗಿ ನಿಂತಿದ್ದವು. ಒಂದು ಕಣ್ಣು ಮುಚ್ಚಿಕೊಂಡು, ಇನ್ನೊಂದರಲ್ಲಿ ಡಿಎಲ್‌ಎಲ್ಲನ್ನಷ್ಟೇ ಹುಡುಕಿ, ಜನ್ಮದಲ್ಲಿ ಮೊದಲ ಸಲ ಮಹಾದೇವಿಯ ವಸ್ತುವಿನ ಮೇಲೆ ಕಾಪಿ ಒತ್ತಿದೆ. ನನ್ನ ಕಡೆ ಬಂತು. ಅಲ್ಲಿಯೂ ಇತ್ತು. ಮೂರು ಸಲ ಮುಚ್ಚಿ ತೆರೆದು ನೋಡಿದೆ, ಇದ್ದೇ ಇತ್ತು. ಎಡಗಡೆಯ ಗಿಳಿ ಸಂಜೆಯೊಳಗೆ ಕೂತಿತು. ಮರುದಿನ ಶರಣಮ್ಮ ರವಿಕೆ ಬಿಡಿಸಿ ನೋಡಿ, "ಯವ್ವಾ, ಇವು ಒಂದಕ್ಕೊಂದು ಮಾತಾಡಾಕತ್ತಾವಲ್ಲರೀ!" ಎಂದಳು. ಆಮೇಲೆ ಮೂಗಿನ ಹತ್ತಿರ ಹಿಡಿದು, "ಉಪ್ಪಿನಕಾಯಿ ವಾಸನಿ ಯಾಕ್ರಿ?" ಎಂದಳು. ನಾನು ಉತ್ತರಿಸುವ ಮೊದಲೇ ಅತ್ತೆ, "ಹಸಿರು ಗಿಳಿ ಅಲ್ಲೇನವಾ, ಮಾವಿನಕಾಯಿ ತಿಂದಿರಬೇಕು" ಎಂದು ಅವಳನ್ನು ಚಹಾಕ್ಕೆ ಎಬ್ಬಿಸಿಕೊಂಡು ಹೋದರು.

ಎಲ್ಲ ಮುಗಿದ ಮೇಲೆ ರಾಜಾಬಕ್ಷಿ ಬಂದ. ಕಥೆ ಕೇಳಿ ಸ್ಟೂಲಿನಿಂದ ಬೀಳುವಷ್ಟು ನಕ್ಕ. ತಗೊಂಡು ಬನ್ನಿ ಎಂದರೆ ಕಿತ್ತುಕೊಂಡೇ ಬರುವುದೇ ಎಂದ. ನಮ್ಮತ್ತೆಗೆ ಸಿಟ್ಟು ಬಂತು. "ಹೆಪ್ಪು ಇದ್ದಂಗ ಐತಿ, ಒಂದು ಚಮಚಾ ಕೊಟ್ರೂ ನಿಮ್ಮ ಮೊಸರು ನಿಮ್ಮ ಗಡಿಗ್ಯಾಗ ಇರ್ತೈತಿ ಅಂತ ಮೊದಲ ಹೇಳಿದ್ರ ನಮಗ ತಿಳೀತಿದ್ದಿಲ್ಲೇನಪ್ಪ? ಲೈಬ್ರರಿ ಅಂತ ಲೈಬ್ರರಿ!" ಎಂದರು. ಅವನು ನಗು ನಿಲ್ಲಿಸಿ, ಇನ್ನು ಮೇಲೆ ಯಾವ ಫೈಲೂ ಕಳೆಯದ ಹಾಗೆ ಎರಡೂ ಮನೆಯ ಕಂಪ್ಯೂಟರನ್ನು ಭದ್ರ ಮಾಡಿ ಹೋದ. ಅಕ್ಕಿಯ ಡಬ್ಬದಲ್ಲಿದ್ದ ಪೆನ್‌ಡ್ರೈವು ಕೊನೆಗೂ ಏಳಲಿಲ್ಲ. ನಮ್ಮ ಅನ್ನಕ್ಕೆ ಒಂದು ವಾರ ಮೆಂತ್ಯದ ವಾಸನೆ ಇತ್ತು.

ಈಗ ಇಬ್ಬರಲ್ಲೂ ಫೈಲಿದೆ, ಇಬ್ಬರ ಮಿಷನ್ನೂ ದಿನವಿಡೀ ನಡೆಯುತ್ತದೆ. ತೊಂದರೆ ಎಲ್ಲಿ ಎಂದು ಕೇಳುತ್ತೀರೇನೋ. ತೊಂದರೆ ಇಲ್ಲದಿರುವುದೇ ತೊಂದರೆ. ಗೋಡೆಯ ಆಚೆ ಟಕಟಕ, ಈಚೆ ಟಕಟಕ. ಒಂದು ದಿನ ಕಳೆಯಿತು, ನಾಲ್ಕು ದಿನ ಕಳೆಯಿತು. ನೆವವಿಲ್ಲದೆ ಹೋಗಲು ನನಗೆ ಮತ್ತೆ ಅದೇ ಹಾಳು ಸಂಕೋಚ. ಅವಳ ಸ್ಟೀಲ್ ಡಬ್ಬಿ ತೊಳೆದು ಬೋರಲು ಹಾಕಿದ್ದು ನಮ್ಮ ಅಡುಗೆಮನೆಯ ಹಲಗೆಯ ಮೇಲಿದೆ. ಮೊನ್ನೆ ಬೆಳಿಗ್ಗೆ ಕೆಲಸ ಬಿಟ್ಟು ಸುಮ್ಮನೆ ಕಂಪ್ಯೂಟರಿನ ಮುಂದೆ ಕೂತೆ. ಪ್ರೋಗ್ರಾಮಿನ ಹೊಟ್ಟೆ ಬಿಚ್ಚಿ ನೋಡಿದರೆ ಅಂಥ ಡಿಎಲ್‌ಎಲ್ಲುಗಳು ಒಂದು ಹಿಂಡೇ ಇವೆ. ಎಲ್ಲವೂ ಹೆಸರಿಲ್ಲದ ಬಡಪಾಯಿಗಳು. ಒಂದೊಂದರ ಮೇಲೂ ಬಾಣದ ಗುರುತು ಒಯ್ಯುತ್ತ, ಇವುಗಳಲ್ಲಿ ಯಾವುದೊಂದು ಕಳೆದರೆ ಗಿಳಿಗಳಿಗೆ ಧಕ್ಕೆಯಾಗದೆ, ಮಹಾದೇವಿಯನ್ನು ಕೇಳುವಷ್ಟು ಮಾತ್ರ ಕೆಡುಕಾದೀತು ಎಂದು ಅಂದಾಜು ಹಾಕುತ್ತಿದ್ದೆ. ಹಿಂದೆ ಯಾರೋ ನಿಂತ ಹಾಗಾಗಿ ಬೆಚ್ಚಿ ತಿರುಗಿದೆ. ಅತ್ತೆ. ಒಂದು ಕೈಯಲ್ಲಿ ಮಹಾದೇವಿಯ ಡಬ್ಬಿ, ಅದರ ತುಂಬ ಬಿಸಿಬಿಸಿ ಕುಟ್ಟಿದ ಶೇಂಗಾ ಹಿಂಡಿ.

"ಇನ್ನೂ ಯಾವುದೂ ಕಳೀಲಿಲ್ಲೇನ?" ಎಂದರು. "ಲಗೂನ ಕಳಿ. ಇವತ್ತು ಶುಕ್ರವಾರ ಐತಿ, ದೀಪ ಹಚ್ಚೂದ್ರಾಗ ಕೊಟ್ಟು ಬರಬೇಕು."